ಕಾರಣ ಬಿಡಿಸುವ ಶಾಸ್ತ್ರ

(ಮೊಸಳೆಯಲ್ಲಿ ಸೇರಿದ್ದ ಹಾಸ್ಟೆಲ್ ವಿದ್ಯಾರ್ಥಿಗಳ ಸಭೆಯಲ್ಲಿ ಆಡಿದ ಮಾತುಗಳು)

ಗೆಳೆಯರೆ,

ನಾವು ಬಿ.ಎ. ಓದಿದವರು. ವಿಜ್ಞಾನ ನಮಗೆ ಬಾರದು. ಆದರೂ ಇವತ್ತು ಒಂದು ಶಾಸ್ತ್ರದ ಬಗ್ಗೆ ಮಾತಾಡಬೇಕು ಅಂತ ನಿಂತಿದ್ದೀವಿ. ಇದಕ್ಕೆ ಯಾವ ಯೂನಿವರ್ಸಿಟಿಯಲ್ಲೂ ಪ್ರೊಫೆಸರಿಲ್ಲ, ಲ್ಯಾಬಿಲ್ಲ. ಪ್ರಯೋಗ ಮಾತ್ರ ದೇಶದ ತುಂಬಾ ನಡೀತಾನೇ ಇದೆ. ಉಪ್ಪುನೀರಿನಿಂದ ಉಪ್ಪು ಬಿಡಿಸೋ ಹಾಗೆ ಪರಿಣಾಮದಿಂದ ಕಾರಣವನ್ನು ಬಿಡಿಸಿ ತೆಗೆಯೋದು ಇದರ ಕೆಲಸ. ಹೆಸರು ನಾವೇ ಇಟ್ಟಿದ್ದೀವಿ: ಕಾರಣ ಬಿಡಿಸುವ ಶಾಸ್ತ್ರ.

ಮೊದಲನೇ ಪಾಠ ಈ ಊರಲ್ಲೇ ಇದೆ. ನಾಗೇಶ್ವರ, ಚೆನ್ನಕೇಶವ ಅವಳಿ ಗುಡಿಗಳನ್ನು ನೋಡಿದ್ದೀರಿ. ಹೊಯ್ಸಳರ ಕಾಲದವು ಅಂತ ಬರೆದು ಮಾರ್ಕು ತಗೊಂಡಿದ್ದೀವಿ. ಆ ಕಲ್ಲು ಹೊತ್ತವರು ಯಾರು, ಆಮೇಲೆ ಅವರನ್ನು ಒಳಕ್ಕೆ ಬಿಟ್ಟರಾ ಅನ್ನೋದು ನಮ್ಮ ಯಾವ ಪ್ರಶ್ನೆಪತ್ರಿಕೆಯಲ್ಲೂ ಬರಲಿಲ್ಲ. ಗುಡಿ ಉಳಿಯಿತು, ಹೊತ್ತ ಬೆನ್ನು ಮಾಯವಾಯಿತು.

ಎರಡನೇ ಪಾಠ ಕರ್ಮ. ನಿನ್ನ ಹಸಿವಿಗೆ ಕಾರಣ ಹೋದ ಜನ್ಮದಲ್ಲಿದೆ ಅಂತಾರೆ. ಎಂಥಾ ಜಾಣತನ ನೋಡಿ! ಕಾರಣವನ್ನು ಪೊಲೀಸರು ಮಹಜರಿಗೆ ಹೋಗಲಾರದ ಜಾಗದಲ್ಲಿ ಬಚ್ಚಿಟ್ಟರು.

ಮೂರನೇದು ತಿರುಗುಮುರುಗು ಪಾಠ. 2015ರಲ್ಲಿ ನಮ್ಮ ಪಕ್ಕದ ಹೊಳೆನರಸೀಪುರ ತಾಲ್ಲೂಕಿನ ಸಿಗರನಹಳ್ಳಿಯಲ್ಲಿ ದಲಿತ ಹೆಂಗಸರು ಗುಡಿಯೊಳಕ್ಕೆ ಹೋದರು ಅಂತ ದಂಡ ಹಾಕಿದರು. ಇಂಥ ಕಡೆಯೆಲ್ಲಾ ಒಂದೇ ಮಾತು ಕೇಳಿಬರುತ್ತೆ: ನೀವು ಒಳಕ್ಕೆ ಹೋಗಿದ್ದರಿಂದ ಊರಿನ ಶಾಂತಿ ಕೆಟ್ಟಿತು. ಬಾಗಿಲಿಗೆ ಅಡ್ಡ ನಿಂತವನು ಕಾರಣ ಅಲ್ಲವಂತೆ, ಬಾಗಿಲು ದಾಟಿದವಳು ಕಾರಣವಂತೆ.

ಈ ಶಾಸ್ತ್ರದ ದೊಡ್ಡ ಪ್ರಯೋಗ ಕಂಬಾಲಪಲ್ಲಿಯಲ್ಲಿ ನಡೆಯಿತು. ಚಿಂತಾಮಣಿ ತಾಲ್ಲೂಕು, ಆಗ ಕೋಲಾರ ಜಿಲ್ಲೆ. 2000ದ ಮಾರ್ಚ್ 11ರ ರಾತ್ರಿ 7 ಜನ ದಲಿತರನ್ನು ಜೀವಂತ ಸುಟ್ಟರು. 2006ರಲ್ಲಿ ಕೋರ್ಟು ಆರೋಪಿಗಳನ್ನು ಬಿಟ್ಟಿತು. 2014ರಲ್ಲಿ ಹೈಕೋರ್ಟು ಅದನ್ನೇ ಎತ್ತಿಹಿಡಿಯಿತು. ಬೂದಿ ಇದೆ, ಬೆಂಕಿ ಇಟ್ಟವರಿಲ್ಲ. 7 ಹೆಣ ಇವೆ, ಕೊಂದವರಿಲ್ಲ.

ಸಾಕ್ಷಿಗಳು ತಿರುಗಿಬಿದ್ದರು ಅಂತ ನಾವೂ ಬೈದಿದ್ದೀವಿ. ಹಾಗೆ ಬೈದು ಸುಮ್ಮನಾದರೆ ನಾವೂ ಅದೇ ಶಾಸ್ತ್ರದ ಶಿಷ್ಯರು. ಆ ಮೌನಕ್ಕೂ ಕಾರಣ ಇಲ್ಲವಾ? ಆರು ವರ್ಷ ಅವರ ಜೊತೆ ಯಾರು ನಿಂತಿದ್ದರು? ಕೂಲಿ ಯಾರ ಹೊಲದಲ್ಲಿ, ಸಾಲ ಯಾರ ಮನೆಯಲ್ಲಿ, ರಾತ್ರಿ ಕಾವಲು ಯಾರದ್ದು? ಇದನ್ನು ಕೇಳದೆ ಸಾಕ್ಷಿಯನ್ನು ಹೇಡಿ ಅನ್ನೋ ಹಕ್ಕು ನಮಗಿಲ್ಲ.

ಇನ್ನೊಂದು ತಪ್ಪನ್ನೂ ಒಪ್ಪಿಕೊಳ್ಳಬೇಕು. ನಮ್ಮ ರೂಮಿನಲ್ಲಿ ಇದ್ದ ಗೆಳೆಯನೊಬ್ಬ ಎರಡನೇ ವರ್ಷದಲ್ಲಿ ಕಾಲೇಜು ಬಿಟ್ಟ. ಸ್ಕಾಲರ್‌ಶಿಪ್ ಬಂದಿರಲಿಲ್ಲ, ಗಾರೆ ಕೆಲಸಕ್ಕೆ ಹೋಗ್ತಿದ್ದ. ರಿಜಿಸ್ಟರಿನಲ್ಲಿ ‘ಹಾಜರಾತಿ ಕಡಿಮೆ’ ಅಂತ ಬಿತ್ತು. ಅವನ ಅವ್ವ ಬಂದು, ಯಾಕಪ್ಪಾ ಬಿಟ್ಟ ಅಂತ ಕೇಳಿದಾಗ ನಾವೇ ಹೇಳಿದೆವು: ಅವನಿಗೆ ಓದು ತಲೆಗೆ ಹತ್ತಲಿಲ್ಲ, ಅವ್ವಾ. ಆ ತಾಯಿ ತಲೆ ತಗ್ಗಿಸಿಕೊಂಡು ಬಸ್‌ಸ್ಟ್ಯಾಂಡಿಗೆ ಹೋದಳು. ಶಾಸ್ತ್ರಕ್ಕೆ ಅವತ್ತು ನಾವೇ ರುಜು ಹಾಕಿದೆವು.

ಇದಕ್ಕೆ ಎದುರು ಶಾಸ್ತ್ರವೂ ನಮ್ಮದೇ ಇದೆ. ಕಾರಣವಿಲ್ಲದೆ ಯಾವ ದುಃಖವೂ ಹುಟ್ಟೋದಿಲ್ಲ, ಕಾರಣ ಹೋದರೆ ದುಃಖವೂ ಹೋಗುತ್ತೆ ಅನ್ನೋದು ಬುದ್ಧನ ದಾರಿ. 1916ರಲ್ಲಿ ಕೊಲಂಬಿಯಾ ಯೂನಿವರ್ಸಿಟಿಯಲ್ಲಿ ನಿಮ್ಮ ಹಾಗೇ ವಿದ್ಯಾರ್ಥಿಯಾಗಿದ್ದ ಬಾಬಾಸಾಹೇಬರು ಜಾತಿಯ ಕಾರಣ ಹುಡುಕುತ್ತಾ ಹೋಗಿ, ಒಳಮದುವೆಯ ಮೇಲೆ ಬೆರಳಿಟ್ಟು ತೋರಿಸಿದರು. ಆಗ ಅವರಿಗೆ 25 ವರ್ಷ.

ಎದುರು ಶಾಸ್ತ್ರ ಗೆಲ್ಲೋದೂ ಉಂಟು. ಗಂಗಾವತಿ ತಾಲ್ಲೂಕಿನ ಮರಕುಂಬಿಯಲ್ಲಿ 2014ರಲ್ಲಿ ದಲಿತರ ಗುಡಿಸಲು ಸುಟ್ಟಿದ್ದಕ್ಕೆ 2024ರ ಅಕ್ಟೋಬರಿನಲ್ಲಿ ಕೊಪ್ಪಳದ ಕೋರ್ಟು 98 ಜನರಿಗೆ ಜೀವಾವಧಿ ಶಿಕ್ಷೆ ಕೊಟ್ಟಿತು. ಆಮೇಲೆ ಮೇಲ್ಮನವಿ, ಜಾಮೀನು ಬಂದವು, ನಿಜ. ಆದರೂ ಹತ್ತು ವರ್ಷವಾದ ಮೇಲೂ ಬೆಂಕಿಯನ್ನೂ ಬೂದಿಯನ್ನೂ ಒಂದೇ ಕಾಗದದಲ್ಲಿ ಸೇರಿಸಿ ಬರೆಯಲು ಸಾಧ್ಯ ಅಂತ ಗೊತ್ತಾಯಿತು.

ಆದ್ದರಿಂದ ಗೆಳೆಯರೆ, ಒಂದು ಕೆಲಸ ಮಾಡೋಣ. ಹಾಸ್ಟೆಲಿಗೊಂದು ನೋಟ್‌ಬುಕ್ ಇಡೋಣ. ಎಡಗಡೆ ಏನಾಯಿತು, ಬಲಗಡೆ ಯಾಕಾಯಿತು. ತಾರೀಖು, ಜಾಗ, ನೋಡಿದವರು ಯಾರು, ಎಲ್ಲಾ ಬರೆಯೋಣ. ದೌರ್ಜನ್ಯ ತಡೆ ಕಾಯ್ದೆಗೆ 2015ರಲ್ಲಿ ಆದ ತಿದ್ದುಪಡಿ ಸಾಕ್ಷಿಗಳಿಗೂ ರಕ್ಷಣೆಯ ಹಕ್ಕು ಕೊಟ್ಟಿದೆ. ಅದನ್ನು ಓದಿ ಊರಲ್ಲಿ ಹೇಳೋಣ. ಸಾಕ್ಷಿ ಕೋರ್ಟಿಗೆ ಹೋಗೋ ದಿನ ಜೊತೆಗೆ ಬಸ್ಸು ಹತ್ತೋಣ.

ನೋಟ್‌ಬುಕ್ಕಿನ ಮೊದಲ ಸಾಲು ನಾವೇ ಬರೆಯುತ್ತೀವಿ. ಎಡಗಡೆ: ಗೆಳೆಯ ಕಾಲೇಜು ಬಿಟ್ಟ. ಬಲಗಡೆ: ಸ್ಕಾಲರ್‌ಶಿಪ್ ಬರಲಿಲ್ಲ. ಬರೆದು ಅವನ ಅವ್ವನಿಗೆ ಓದಿ ಹೇಳಿ ಬರುತ್ತೀವಿ.

ಜೈ ಭೀಮ್.