ಟೆಂಡರು ಸಿಗದವನಿಗೂ ನ್ಯಾಯವಿದೆ



ಮೊದಲ ಮಳೆಗೇ ಬೀದಿಯ ಡಾಮರು ಕಿತ್ತುಹೋದಾಗ ನಾವು ಗುತ್ತಿಗೆದಾರನನ್ನು ಶಪಿಸುತ್ತೇವೆ. ಆ ಕಾಮಗಾರಿ ಅವನಿಗೆ ಹೇಗೆ ದೊರೆಯಿತೆಂದು ಮಾತ್ರ ಕೇಳುವುದಿಲ್ಲ. ಎಷ್ಟೋ ರಸ್ತೆಗಳು ಟೆಂಡರು ತೆರೆದ ದಿನವೇ ಹಾಳಾಗಿರುತ್ತವೆ.

ಸಹಜ ನ್ಯಾಯಕ್ಕೆ ಎರಡು ಮುಖ್ಯ ತತ್ವಗಳಿವೆ. ತನ್ನ ಹಿತಾಸಕ್ತಿಯಿರುವ ವಿಷಯದಲ್ಲಿ ಯಾರೂ ತಾನೇ ತೀರ್ಪುಗಾರನಾಗಬಾರದು. ಇನ್ನೊಬ್ಬನ ಮಾತನ್ನು ಆಲಿಸದೆ ಅವನ ವಿರುದ್ಧ ತೀರ್ಮಾನಿಸಬಾರದು. ಪುರಸಭೆಯ ಕಾಮಗಾರಿಯಲ್ಲಿ ಪಾಲು ಹೊಂದಿರುವವನು ಅದರ ಸದಸ್ಯನಾಗಿರಲು ಅನರ್ಹನೆಂದು 1964ರ ಕರ್ನಾಟಕ ಪುರಸಭೆಗಳ ಅಧಿನಿಯಮವು ಹೇಳುವುದು ಮೊದಲ ತತ್ವದಿಂದಲೇ. ಎರಡನೆಯ ತತ್ವವೂ ನಮಗೆ ಹೊಸದಲ್ಲ. ಹಝ್ರತ್ ಅಲಿ(ರ)ಯವರನ್ನು ನ್ಯಾಯಾಧೀಶರಾಗಿ ಯಮನಿಗೆ ಕಳುಹಿಸುವಾಗ, ಎರಡನೆಯ ಕಕ್ಷಿಯ ಮಾತನ್ನೂ ಕೇಳದೆ ತೀರ್ಪು ನೀಡಬೇಡಿರೆಂದು ಪ್ರವಾದಿವರ್ಯರು(ಸ) ಉಪದೇಶಿಸಿದ್ದರು.

ಗುತ್ತಿಗೆ ನೀಡುವಲ್ಲಿ ಈ ತತ್ವಗಳಿಗೇನು ಕೆಲಸವೆಂದು ಕೆಲವರು ಕೇಳುತ್ತಾರೆ. ಮನೆ ಕಟ್ಟಿಸುವವನು ತನಗೆ ಬೇಕಾದ ಮೇಸ್ತ್ರಿಯನ್ನು ಆರಿಸಿಕೊಳ್ಳಬಹುದು. ಆದರೆ ಪುರಸಭೆ ವ್ಯಯಿಸುವುದು ಸಾರ್ವಜನಿಕರ ಹಣವನ್ನು. ಸಂವಿಧಾನದ 12ನೇ ವಿಧಿಯಂತೆ ಸ್ಥಳೀಯ ಸಂಸ್ಥೆಯೂ ‘ರಾಜ್ಯ’ವೇ. ಆದ್ದರಿಂದ 14ನೇ ವಿಧಿಯ ಸಮಾನತೆ ಅದನ್ನೂ ಬಂಧಿಸುತ್ತದೆ.

ಪಶ್ಚಿಮ ಬಂಗಾಳ ಸರಕಾರದ ವಿರುದ್ಧ ಎರೂಷಿಯನ್ ಇಕ್ವಿಪ್‌ಮೆಂಟ್ ಕಂಪೆನಿ ಹೂಡಿದ್ದ ಮೊಕದ್ದಮೆಯಲ್ಲಿ ಸುಪ್ರೀಮ್ ಕೋರ್ಟ್ 1974ರಲ್ಲಿಯೇ ಒಂದು ಮಾತನ್ನು ಸ್ಪಷ್ಟಪಡಿಸಿತು. ಯಾರನ್ನಾದರೂ ಕಪ್ಪುಪಟ್ಟಿಗೆ ಸೇರಿಸುವ ಮುನ್ನ ಅವನಿಗೆ ತನ್ನ ವಾದವನ್ನು ಮಂಡಿಸುವ ಅವಕಾಶ ಕೊಡಲೇಬೇಕು. ಕಪ್ಪುಪಟ್ಟಿಯೆಂದರೆ ಒಂದು ಕಾಮಗಾರಿಯ ನಷ್ಟವಷ್ಟೇ ಅಲ್ಲ. ಅದು ಮನುಷ್ಯನ ಹೆಸರಿಗೂ ಅನ್ನಕ್ಕೂ ಬೀಳುವ ಹೊಡೆತ.

1979ರ ರಮಣ ದಯಾರಾಮ್ ಶೆಟ್ಟಿ ಪ್ರಕರಣ ಇನ್ನೂ ಬೋಧಪ್ರದವಾದುದು. ಮುಂಬಯಿ ವಿಮಾನ ನಿಲ್ದಾಣದ ಉಪಾಹಾರ ಗೃಹದ ಟೆಂಡರಿಗೆ, ನೋಂದಾಯಿತ ಎರಡನೇ ದರ್ಜೆಯ ಹೊಟೇಲು ನಡೆಸಿದ ಐದು ವರ್ಷಗಳ ಅನುಭವ ಬೇಕೆಂದು ಷರತ್ತು ವಿಧಿಸಲಾಗಿತ್ತು. ಗುತ್ತಿಗೆಯನ್ನು ಪಡೆದವರಿಗೆ ಆ ಅರ್ಹತೆಯೇ ಇರಲಿಲ್ಲ. ತಾನೇ ವಿಧಿಸಿದ ಷರತ್ತನ್ನು ಪ್ರಾಧಿಕಾರವು ತಾನೇ ಮುರಿಯುವಂತಿಲ್ಲವೆಂದು ನ್ಯಾಯಮೂರ್ತಿ ಪಿ.ಎನ್. ಭಗವತಿಯವರು ಬರೆದರು. ಹೀಗಿದ್ದೂ ಗುತ್ತಿಗೆ ರದ್ದಾಗಲಿಲ್ಲ! ದೂರುದಾರರು ತಡವಾಗಿ ಬಂದಿದ್ದರು. ಅಷ್ಟರಲ್ಲಿ ಗುತ್ತಿಗೆದಾರರು ಹಣ ಹೂಡಿದ್ದರು. ಮಲಗಿದವನ ಹಕ್ಕೂ ಮಲಗಿಬಿಡುತ್ತದೆ ಎಂಬುದಕ್ಕೆ ಇದಕ್ಕಿಂತ ಬೇರೆ ಸಾಕ್ಷಿ ಬೇಕೇ?

ನಮ್ಮ ರಾಜ್ಯದಲ್ಲಿ ಸಾರ್ವಜನಿಕ ಸಂಗ್ರಹಣೆಗಳಲ್ಲಿ ಪಾರದರ್ಶಕತೆಯ 1999ರ ಅಧಿನಿಯಮವಿದೆ. ಟೆಂಡರು ದಾಖಲೆಯಲ್ಲಿ ಮೊದಲೇ ತಿಳಿಸಿದ ಮಾನದಂಡಗಳಿಂದಲೇ ಆಯ್ಕೆ ನಡೆಯಬೇಕು. ಅನ್ಯಾಯವಾಗಿದೆಯೆಂದು ಭಾವಿಸುವ ಟೆಂಡರುದಾರನು ಆದೇಶ ಕೈಸೇರಿದ 30 ದಿನಗಳೊಳಗೆ ಮೇಲ್ಮನವಿ ಸಲ್ಲಿಸಬಹುದು. ಟೆಂಡರು ಹಾಕದ ನಾಗರಿಕನೂ ಅಸಹಾಯಕನಲ್ಲ. 2005ರ ಮಾಹಿತಿ ಹಕ್ಕು ಕಾನೂನಿನಡಿ ಹತ್ತು ರೂಪಾಯಿ ಶುಲ್ಕ ತೆತ್ತು, ಯಾರ ದರ ಎಷ್ಟಿತ್ತು, ಯಾರನ್ನು ಯಾವ ಕಾರಣಕ್ಕೆ ಕೈಬಿಡಲಾಯಿತು ಎಂದು ಅವನು ಕೇಳಬಹುದು.

ಆದರೂ ಒಂದೇ ಕಾಮಗಾರಿಯನ್ನು ತುಂಡುತುಂಡಾಗಿಸಿ ಟೆಂಡರನ್ನೇ ತಪ್ಪಿಸುವುದು, ಒಬ್ಬನಿಗೇ ಹೊಂದುವಂತೆ ಷರತ್ತು ಹೆಣೆಯುವುದು, ಗುತ್ತಿಗೆದಾರರೇ ಕೂಡಿ ಮೊದಲೇ ದರ ನಿಶ್ಚಯಿಸಿಕೊಳ್ಳುವುದು ನಿಂತಿಲ್ಲ. ಇದರಲ್ಲಿ ನಮ್ಮವರಾರೂ ಇಲ್ಲವೆಂದು ಎದೆ ಮುಟ್ಟಿ ಹೇಳಬಲ್ಲೆವೇ? ನಮ್ಮವನಿಗೆ ಸಿಗದಿದ್ದರೆ ಅನ್ಯಾಯವೆನ್ನುತ್ತೇವೆ; ಅಡ್ಡದಾರಿಯಲ್ಲಿ ಸಿಕ್ಕಿದರೆ ಸಾಮರ್ಥ್ಯವೆನ್ನುತ್ತೇವೆ. ನಮ್ಮ ಮಸೀದಿಯ ಕಟ್ಟಡ ಕೆಲಸಕ್ಕೆ ನಾವು ಎಷ್ಟು ಮಂದಿಯಿಂದ ದರಪಟ್ಟಿ ಕೇಳಿದ್ದೇವೆ?

ಸಹೋದರರೇ, ನಮ್ಮ ವಾರ್ಡಿನಲ್ಲಿ ಮುಂದಿನ ಚರಂಡಿ ಕಾಮಗಾರಿಗೆ ಟೆಂಡರು ಕರೆದಾಗ ಷರತ್ತುಗಳನ್ನು ಓದೋಣ. ತಿರಸ್ಕೃತನಾದವನು ಯಾವ ಧರ್ಮದವನಾದರೂ ಸರಿ, ಕಾರಣವನ್ನು ಕೇಳೋಣ, ತಡಮಾಡದೆ ಕೇಳೋಣ. ಅವನಿಗಾಗಿ ಇಂದು ಮಾತಾಡದಿದ್ದರೆ ನಾಳೆ ನಮ್ಮ ಪಾಲಿನ ನ್ಯಾಯವನ್ನು ಯಾವ ಮುಖದಿಂದ ಕೇಳುವೆವು?