ಸೈಟಿಗೆ ಮುಂಗಡ ಕೊಡುವ ಮೊದಲು
(ಮಹಿಳಾ ಸ್ವಸಹಾಯ ಸಂಘಗಳ ಒಕ್ಕೂಟದ ಸಭೆಯಲ್ಲಿ ಭೂ ಪರಿವರ್ತನೆಯ ಬಗ್ಗೆ ನೀಡಿದ ಮಾಹಿತಿ)



ಈಚೆಗೆ ಸಂಘಗಳಿಗೆ ಬರುವ ಸಾಲದ ಅರ್ಜಿಗಳಲ್ಲಿ "ಸೈಟು ಖರೀದಿಗೆ" ಎಂಬ ಕಾರಣ ಹೆಚ್ಚಾಗಿ ಕಾಣುತ್ತಿದೆ. ಸಂತೋಷದ ವಿಷಯ. ಸ್ವಂತ ಸೂರು ಬೇಕು ಅನ್ನೋ ಆಸೆ ಯಾರಿಗಿಲ್ಲ? ಆದರೆ ಯಾವ ಸೈಟು ಎಂದು ವಿಚಾರಿಸಿದರೆ, ಬಹಳ ಸಲ ಅದು ಊರಾಚೆ ಹೊಲಕ್ಕೆ ಕಲ್ಲು ನೆಟ್ಟು, ಸುಣ್ಣದ ಗೆರೆ ಎಳೆದು ಮಾರುವ ಜಾಗ ಆಗಿರುತ್ತದೆ. ಜನ ಅದಕ್ಕೆ ರೆವಿನ್ಯೂ ಸೈಟು ಅಂತಾರೆ. ಸರ್ಕಾರದ ಲೆಕ್ಕದಲ್ಲಿ ಅದು ಸೈಟೇ ಅಲ್ಲ, ಇನ್ನೂ ಹೊಲ.

ಕರ್ನಾಟಕ ಭೂ ಕಂದಾಯ ಕಾಯ್ದೆ 1964ರ 95ನೇ ಕಲಂ ಪ್ರಕಾರ ವ್ಯವಸಾಯದ ಜಮೀನನ್ನು ಮನೆ, ಅಂಗಡಿಯಂಥ ಬೇರೆ ಉದ್ದೇಶಕ್ಕೆ ಬಳಸಬೇಕಾದರೆ ಸಾಮಾನ್ಯವಾಗಿ ಜಿಲ್ಲಾಧಿಕಾರಿಯ ಅನುಮತಿ ಬೇಕು. ಇದೇ ಭೂ ಪರಿವರ್ತನೆ. ನೀವು ಕನ್ವರ್ಷನ್ ಅಂತೀರಿ, ಕೆಲವು ಕಡೆ ಅಲಿನೇಷನ್, ಬಡಗಣ ಜಿಲ್ಲೆಗಳಲ್ಲಿ ಎನ್.ಎ. ಅಂತಾರೆ. ಎಲ್ಲಾ ಒಂದೇ. ಊರೊಳಗಿನ ಗ್ರಾಮಠಾಣಾ ಜಾಗಕ್ಕೆ ಇದು ಬೇಕಾಗಿಲ್ಲ. ರೈತರು ತಮ್ಮ ಹೊಲದಲ್ಲಿ ಬೇಸಾಯದ ಅನುಕೂಲಕ್ಕೆ ಬಾವಿ ತೋಡಿಸುವುದಕ್ಕೂ, ಮಿತಿಯೊಳಗೆ ತೋಟದ ಮನೆ ಕಟ್ಟುವುದಕ್ಕೂ ಅವಕಾಶ ಇದೆ. ಆದರೆ ಹೊಲವನ್ನು ತುಂಡು ಮಾಡಿ ಹತ್ತು ಜನಕ್ಕೆ ಮನೆ ಕಟ್ಟಲು ಮಾರುವುದು ಬೇರೆ ವಿಷಯ.

ಮಾರುವವರು ನಿಮಗೆ ಏನೇನು ತೋರಿಸುತ್ತಾರೆ ನೋಡಿ. "ಪಂಚಾಯಿತಿ ಕಂದಾಯ ರಶೀದಿ ಇದೆ ಕಣಮ್ಮ" ಅಂತಾರೆ. ರಶೀದಿ ತೆರಿಗೆ ಕಟ್ಟಿದ್ದಕ್ಕೆ ಸಾಕ್ಷಿ, ಪರಿವರ್ತನೆಗೆ ಅಲ್ಲ. "ಪಕ್ಕದವರು ಕಟ್ಟಿ ಕರೆಂಟ್ ಮೀಟರ್ ಹಾಕಿಸಿದ್ದಾರೆ" ಅಂತಾರೆ. ಮೀಟರ್ ಬಂದ ಮಾತ್ರಕ್ಕೆ ಹೊಲ ನಿವೇಶನ ಆಗೋದಿಲ್ಲ. ಪಂಚಾಯಿತಿಯ ಇ-ಸ್ವತ್ತಿನಲ್ಲಿ ನಮೂನೆ 9 ಮತ್ತು 11ಎ ಬೇರೆ, 11ಬಿ ಬೇರೆ. 11ಬಿ ಇದ್ದರೆ ತೆರಿಗೆ ಕಟ್ಟಬಹುದು, ಅದನ್ನು ಕನ್ವರ್ಷನ್ ಪತ್ರ ಎಂದು ನಂಬಬೇಡಿ. ಇನ್ನು ಛಾಪಾ ಕಾಗದದ ಮೇಲೆ ಕರಾರು ಬರೆದು ಜಿ.ಪಿ.ಎ. ಮಾಡಿಕೊಡುವವರಿದ್ದಾರೆ. ಜಿ.ಪಿ.ಎ. ಮೂಲಕ ಒಡೆತನ ವರ್ಗಾವಣೆ ಆಗುವುದಿಲ್ಲವೆಂದು ಸುಪ್ರೀಂ ಕೋರ್ಟ್ 2011ರಲ್ಲೇ ಹೇಳಿದೆ.

ಹೊಸ ಮಾತೊಂದು ಈಗ ಚಾಲ್ತಿಯಲ್ಲಿದೆ. "ಕಾನೂನು ಬದಲಾಗಿದೆ, ಯಾರು ಬೇಕಾದರೂ ಹೊಲ ಕೊಳ್ಳಬಹುದು." ಇದು ಅರ್ಧ ನಿಜ. 2020ರಲ್ಲಿ ಭೂ ಸುಧಾರಣಾ ಕಾಯ್ದೆಯ 79ಎ, 79ಬಿ ಕಲಂಗಳನ್ನು ತೆಗೆದರು. ರೈತರಲ್ಲದವರೂ ಕೃಷಿ ಜಮೀನು ಕೊಳ್ಳಬಹುದು, ಸರಿ. ಕೊಂಡ ಹೊಲದಲ್ಲಿ ಮನೆ ಕಟ್ಟಲು ಮಾತ್ರ 95ನೇ ಕಲಂ ಹಾಗೇ ಇದೆ. ಅನುಮತಿ ಇಲ್ಲದೆ ಕಟ್ಟಿದರೆ ದಂಡ ಹಾಕುವ, ಜಾಗ ಬಿಡಿಸುವ ಅಧಿಕಾರ ಜಿಲ್ಲಾಧಿಕಾರಿಗೆ ಉಂಟು.

ಅಂದ್ಕೊಳ್ಳಿ, ಸಂಘದಿಂದ 2 ಲಕ್ಷ ಸಾಲ ಎತ್ತಿ ಇಂಥ ಸೈಟಿಗೆ ಕೊಟ್ಟಿರಿ. ಮನೆ ಸಾಲಕ್ಕೆ ಬ್ಯಾಂಕಿಗೆ ಹೋದರೆ ಮೊದಲು ಕೇಳೋದೇ ಕನ್ವರ್ಷನ್ ಆದೇಶ. ಅದಿಲ್ಲ, ಮನೆ ಏಳಲಿಲ್ಲ. ವಾರದ ಕಂತು ಮಾತ್ರ ನಿಲ್ಲೋದಿಲ್ಲ. ನಿಮ್ಮ ಕೈಲಿ ಆಗದಿದ್ದಾಗ ಸಂಘದ ಉಳಿದ ಹೆಂಗಸರು ತುಂಬಬೇಕಾಗುತ್ತದೆ. ಆದ್ದರಿಂದ ಸೈಟಿನ ಸಾಲ ಮಂಜೂರು ಮಾಡುವಾಗ ಕಾಗದ ನೋಡುವುದು ಇಡೀ ಸಂಘದ ಕೆಲಸ. ಪ್ರತಿನಿಧಿಗಳು ಸಂಕೋಚ ಪಡಬೇಡಿ.

ಹಾಗಾದರೆ ಏನು ಕೇಳಬೇಕು? ಜಿಲ್ಲಾಧಿಕಾರಿಯ ಪರಿವರ್ತನಾ ಆದೇಶದ ಪ್ರತಿ ಕೇಳಿ. ಅದರಲ್ಲಿ ಸರ್ವೆ ನಂಬರು, ಎಷ್ಟು ಎಕರೆ-ಗುಂಟೆ, ಯಾವ ಉದ್ದೇಶ ಎಂದು ಬರೆದಿರುತ್ತದೆ. ನಿಮ್ಮ ಸೈಟು ಆ ಸರ್ವೆ ನಂಬರಿನೊಳಗೇ ಇದೆಯಾ ನೋಡಿ. ವಾಸಕ್ಕೆಂದು ಕೊಟ್ಟ ಆದೇಶದಲ್ಲಿ ರೈಸ್ ಮಿಲ್ ಹಾಕುವಂತಿಲ್ಲ. ಆಮೇಲೆ ನಾಡಕಚೇರಿಯಲ್ಲಿ ಪಹಣಿ ತೆಗೆಸಿ ಎರಡನ್ನೂ ತಾಳೆ ಹಾಕಿ. ಪರಿವರ್ತನೆ ಆದ ಜಮೀನನ್ನು ಸೈಟುಗಳಾಗಿ ಒಡೆಯಲು ಬಡಾವಣೆ ನಕ್ಷೆಗೆ ಮಂಜೂರಾತಿ ಬೇಕು, ಅದನ್ನೂ ಕೇಳಿ. ಪರಿಶಿಷ್ಟ ಜಾತಿ, ಪಂಗಡದವರಿಗೆ ಮಂಜೂರಾದ ಜಮೀನಾದರೆ, 1978ರ ಕಾಯ್ದೆಯಂತೆ ಸರ್ಕಾರದ ಅನುಮತಿ ಇಲ್ಲದ ಮಾರಾಟವೇ ಅಸಿಂಧು.

ಸ್ವಂತ ಹೊಲದಲ್ಲೇ ಮನೆ ಕಟ್ಟುವವರು ನಿಮ್ಮಲ್ಲಿ ಅನೇಕರಿದ್ದೀರಿ. ಅರ್ಜಿ ಈಗ ಆನ್‌ಲೈನಿನಲ್ಲಿ ಹಾಕಬೇಕು. ಪಹಣಿ, ಮುಟೇಶನ್ ಪ್ರತಿ, ಪ್ರಮಾಣಪತ್ರ, ಸರ್ವೆ ನಂಬರಿನ ಒಂದು ಭಾಗ ಮಾತ್ರ ಆದರೆ 11ಇ ನಕ್ಷೆ ಬೇಕು. ಪಹಣಿ ಇನ್ನೂ ತೀರಿಹೋದ ಮಾವನವರ ಹೆಸರಲ್ಲೇ ಇದ್ದರೆ ಮೊದಲು ಪೌತಿ ಖಾತೆ ಮಾಡಿಸಿ. ಇಲ್ಲಿಯೇ ಹೆಚ್ಚು ಮನೆಗಳು ನಿಂತುಬಿಡುವುದು. ಶುಲ್ಕ ಊರು, ವಿಸ್ತೀರ್ಣ, ಉದ್ದೇಶ ನೋಡಿಕೊಂಡು ಬೇರೆಬೇರೆ ಇರುತ್ತದೆ. ಕಚೇರಿಯಲ್ಲೇ ಕೇಳಿ, ಮಧ್ಯವರ್ತಿಯನ್ನಲ್ಲ.

ಒಂದು ಎಕರೆಯನ್ನೂ ಪರಿವರ್ತನೆ ಮಾಡಿಸಬೇಡಿ. ಎಕರೆಗೆ 40 ಗುಂಟೆ, ಗುಂಟೆಗೆ 1089 ಚದರಡಿ. 30-40ರ ಮನೆಗೆ ಬೇಕಾದ್ದು ಗುಂಟೆಗಿಂತ ಸ್ವಲ್ಪ ಹೆಚ್ಚು, ದಾರಿ, ಹಿತ್ತಲು ಸೇರಿಸಿಕೊಂಡು ಲೆಕ್ಕ ಹಾಕಿ. ಪರಿವರ್ತನೆಯಾದ ನೆಲಕ್ಕೆ ಬೆಳೆ ಸಾಲ ಸಿಗುವುದಿಲ್ಲ, ಬೆಳೆ ವಿಮೆಯೂ ಇಲ್ಲ. ಮನೆಯ ಗಂಡಸರು "ಇಲ್ಲೊಂದು ಸಹಿ ಹಾಕು" ಎಂದಾಗ ಎಷ್ಟು ಗುಂಟೆ, ಯಾತಕ್ಕೆ ಎಂದು ಓದಿಸಿ ಕೇಳಿಯೇ ಸಹಿ ಹಾಕಿ.

"ಆಗಲೇ ದುಡ್ಡು ಕೊಟ್ಟುಬಿಟ್ಟಿದ್ದೀವಿ, ಏನ್ ಮಾಡೋದು?" ಎಂದು ಸಭೆಯಲ್ಲಿ ಕೇಳಿದ್ದೀರಿ. ಉಳಿದ ಕಂತು ಕೊಡುವ ಮೊದಲು ಕರಾರು, ರಶೀದಿ ಎಲ್ಲ ಒಟ್ಟುಮಾಡಿ ತಾಲ್ಲೂಕು ನ್ಯಾಯಾಲಯದ ಆವರಣದಲ್ಲಿರುವ ಕಾನೂನು ಸೇವಾ ಸಮಿತಿಗೆ ಹೋಗಿ. 1987ರ ಕಾನೂನು ಸೇವೆಗಳ ಪ್ರಾಧಿಕಾರ ಕಾಯ್ದೆಯಂತೆ ಹೆಂಗಸರಿಗೆ ಆದಾಯ ಎಷ್ಟೇ ಇರಲಿ, ವಕೀಲರ ನೆರವು ಉಚಿತ. ಒಬ್ಬರೇ ಹೋಗಲು ಹಿಂಜರಿಕೆ ಆದರೆ ಸಂಘದಿಂದ ಇಬ್ಬರನ್ನು ಕರೆದುಕೊಂಡು ಹೋಗಿ.