ಪೇಟಿಯ ಹಿಂದೆ ಕೂತವರು



ಕಂಪನಿ ನಾಟಕದ ಸಂಗೀತ ಎಂದ ಕೂಡಲೆ ತುಬಚಿಯ ಈ ಭಾಗದವರಿಗೆ ಬೀಳಗಿಯ ಗಾಯಕಿ ಅಮೀರಬಾಯಿ ಕರ್ನಾಟಕಿ ನೆನಪಾಗುತ್ತಾರೆ. ಸಹಜ, ಪಕ್ಕದ ತಾಲೂಕಿನ ಹೆಮ್ಮೆ. ಆದರೆ ರಂಗದ ಮುಂದೆ ನಿಂತು ಹಾಡಿದವರನ್ನು ಎಲ್ಲರೂ ನೆನೆಯುತ್ತಾರೆ. ಪೇಟಿಯ, ಅಂದರೆ ಹಾರ್ಮೋನಿಯಂನ, ಹಿಂದೆ ಕೂತು ಹಾಡು ಕಟ್ಟಿದವರನ್ನು ಇಂದು ಮಾತಿಗೆ ಎಳೆಯೋಣ. ನಾನು ಆರಿಸಿಕೊಂಡದ್ದು ಗದುಗಿನ ಪುಟ್ಟರಾಜ ಗವಾಯಿಗಳನ್ನು.

1914ರಲ್ಲಿ ಈಗಿನ ಹಾವೇರಿ ಜಿಲ್ಲೆಯ ದೇವಗಿರಿಯಲ್ಲಿ ಹುಟ್ಟಿದರು. ಕೂಸಿದ್ದಾಗಲೇ ಕಣ್ಣು ಹೋದವು. ಸಾಕಿದ ಸೋದರಮಾವ ಪೇಟಿ ನುಡಿಸುತ್ತಿದ್ದರು. ಆ ಪೇಟಿಯ ಮೇಲೆ ಹುಡುಗನ ಬೆರಳು ತಾವೇ ದಾರಿ ಹುಡುಕಿಕೊಂಡದ್ದನ್ನು ಕಂಡು ಪಂಚಾಕ್ಷರಿ ಗವಾಯಿಗಳಿಗೆ ಒಪ್ಪಿಸಿದರು. ಗುರುವೂ ಅಂಧರೇ. 1944ರಲ್ಲಿ ಗುರು ತೀರಿಕೊಂಡಾಗ ಅವರು ನಡೆಸುತ್ತಿದ್ದ ವೀರೇಶ್ವರ ಪುಣ್ಯಾಶ್ರಮದ ಮಕ್ಕಳ ಹೊಟ್ಟೆಯ ಭಾರ ಶಿಷ್ಯನ ಹೆಗಲಿಗೆ ಬಂತು. ಅದಕ್ಕೆ ಅವರು ನೆಚ್ಚಿದ್ದು ನಾಟಕ ಕಂಪನಿಯನ್ನು! ತಾವೇ ನಾಟಕ ಬರೆದರು, ಸಂಗೀತ ಕೂಡಿಸಿದರು. ಟಿಕೇಟಿನ ದುಡ್ಡು ಅನ್ನವಾಯಿತು.

ಅದೇ ಕಾಲದಲ್ಲಿ ಆಕಾಶವಾಣಿ ಹಾರ್ಮೋನಿಯಂ ಅನ್ನು ಹೊರಗಿಟ್ಟಿತ್ತು ಎಂಬುದನ್ನು ಮರೆಯಬಾರದು. 1940ರಲ್ಲಿ ಹೇರಿದ ನಿಷೇಧ ಸಡಿಲಾಗಲು 1971 ಬರಬೇಕಾಯಿತು. ಅದರ ಒಂದೊಂದು ಮನೆಯ (ಕೀಲಿಯ) ಸ್ವರ ಗಟ್ಟಿಯಾಗಿ ನಿಂತಿರುತ್ತದೆ, ಸ್ವರದಿಂದ ಸ್ವರಕ್ಕೆ ಜಾರುವ ಮೀಂಡ್ ಎಳೆಯಲಾಗದು, ಶ್ರುತಿಯ ಸೂಕ್ಷ್ಮ ಸಿಗದು ಎಂಬುದು ಆಕ್ಷೇಪ. ಆಕ್ಷೇಪದಲ್ಲಿ ಹುರುಳಿತ್ತು, ನಿಷೇಧದಲ್ಲಿ ಇರಲಿಲ್ಲ. ನಾಟಕದ ತಂಬುವಿಗೆ ಮಾತ್ರ ಆ ನಿಷೇಧ ತಾಗಲಿಲ್ಲ.

ಗವಾಯಿಗಳ ಪಕ್ಕದಲ್ಲಿ ಇನ್ನೊಬ್ಬ ಅಂಧ ಸಂಗೀತಗಾರನನ್ನು ಇಟ್ಟು ನೋಡೋಣ. ಅಮೆರಿಕದ ರೇ ಚಾರ್ಲ್ಸ್ ಹುಟ್ಟಿದ್ದು 1930ರಲ್ಲಿ. ಏಳರ ವಯಸ್ಸಿಗೆ ಪೂರ್ತಿ ಕುರುಡಾದ ಬಡ ಕಪ್ಪು ಹುಡುಗ. ಅವನಿಗೆ ಮೊದಲು ಪಿಯಾನೋ ಮುಟ್ಟಿಸಿದ್ದು ಊರಿನ ಒಬ್ಬ ಹೋಟೆಲ್ ಮಾಲೀಕ. ಅಂಧರ ಶಾಲೆಯಲ್ಲಿ ಬ್ರೈಲ್ ಲಿಪಿಯಲ್ಲಿ ಸಂಗೀತ ಓದಿದ. 1954ರಲ್ಲಿ ಚರ್ಚಿನ ಭಕ್ತಿಗೀತೆಯ ಮಟ್ಟಿಗೆ ಪ್ರೇಮದ ಮಾತು ಕೂಡಿಸಿ ಹಾಡಿದಾಗ ಭಕ್ತರು ಸಿಟ್ಟಾದರು, ರಿದಮ್ ಅಂಡ್ ಬ್ಲೂಸ್ ಎಂಬ ಸಂಗೀತ ಪ್ರಕಾರ ದಿಕ್ಕು ಬದಲಿಸಿತು. ಅಲ್ಲಿನವರು ಅವನ ಒಂದೊಂದು ಹಾಡನ್ನೂ ಬಿಚ್ಚಿ ನೋಡಿದ್ದಾರೆ: ಯಾವ ಮಟ್ಟು ಎಲ್ಲಿಂದ ಬಂತು, ಹಕ್ಕು ಯಾರದು, ಲಾಭ ಯಾರಿಗೆ ಹೋಯಿತು.

ನಾವೇನು ಮಾಡಿದೆವು? ಗವಾಯಿಗಳನ್ನು ನಡೆದಾಡುವ ದೇವರೆಂದು ಕರೆದು ಕೈಮುಗಿದೆವು. 2010ರಲ್ಲಿ ಪದ್ಮಭೂಷಣ ಬಂತು, ಅದೇ ವರ್ಷ ಅವರು ಲಿಂಗೈಕ್ಯರಾದರು. ಭಕ್ತಿ ತಪ್ಪಲ್ಲ, ಆದರೆ ಆರತಿಯ ಹೊಗೆಯಲ್ಲಿ ಕಸುಬುದಾರ ಕಾಣದಾದ. ವಚನದ ಗಾಯನಕ್ಕೂ ರಂಗಗೀತೆಗೂ ಅವರ ಕೈಯಲ್ಲಿ ಏನು ಕೊಡುಕೊಳ್ಳುವಿಕೆ ನಡೆಯಿತು? ಮಾತು ಮೊದಲೋ, ಮಟ್ಟು ಮೊದಲೋ? ಊರೂರಿಗೆ ಕಂಪನಿ ಸಾಗಿಸುವ ಖರ್ಚು-ವೆಚ್ಚ ಹೇಗಿತ್ತು? ದೇವರಿಗೆ ಇಂಥ ಪ್ರಶ್ನೆ ಕೇಳಲು ನಾವು ಹಿಂಜರಿಯುತ್ತೇವೆ. ಕಲಾವಿದನಿಗೆ ಕೇಳಲೇಬೇಕು.

ಉತ್ತರ ಹುಡುಕಲು ದೂರ ಹೋಗಬೇಕಿಲ್ಲ: ಜಮಖಂಡಿ, ಬನಹಟ್ಟಿ ಕಡೆಯ ಪೇಟಿ ಮಾಸ್ತರರು ಈ ಸಭೆಯಲ್ಲೇ ಹಿಂದಿನ ಸಾಲಿನಲ್ಲಿ ಕೂತಿದ್ದಾರೆ. ಅವರನ್ನು ಮೊದಲ ಗೋಷ್ಠಿಗೇ ವೇದಿಕೆಗೆ ಕರೆಯಿರಿ, ನುಡಿಸಲಿ, ಹೇಳಲಿ, ಎಲ್ಲವನ್ನೂ ರೆಕಾರ್ಡ್ ಮಾಡಿಕೊಳ್ಳಿ. ನಮ್ಮ ಪ್ರಬಂಧಗಳನ್ನು ಊಟದ ಮೇಲೆ ಓದಿದರೂ ನಡೆದೀತು.